ಗಲ್ಫ್ ದುಡ್ಡು ಹಾಕಿ ಕುಂಬಳೆಯಲ್ಲಿ ಜಿಮ್ ತೆರೆದರೆ ನಡೆದೀತೇ?

ಸೀತಾಂಗೋಳಿಯವ
ಅಕ್ಕನ ಮಗ ದುಬೈ ಬಿಟ್ಟು ಬಂದಿದ್ದಾನೆ. ಕೂಡಿಟ್ಟ ದುಡ್ಡಿನಲ್ಲಿ ನಮ್ಮ ಕಾಸರಗೋಡು ಜಿಲ್ಲೆಯ ಕುಂಬಳೆಯಲ್ಲಿ ಜಿಮ್ ಹಾಕುವುದೆಂದು ಒಂದೇ ಹಟ. ಹೆದ್ದಾರಿ ಬದಿಯ ಕಟ್ಟಡದಲ್ಲಿ ಮೊದಲ ಮಾಳಿಗೆ ನೋಡಿಟ್ಟಾಗಿದೆ, ಮುಂಗಡ ಕೊಡುವುದೊಂದೇ ಬಾಕಿ.

ಅವನ ಮೊಬೈಲಿನಲ್ಲಿ ಡೆಲಾಯ್ಟ್ ಎಂಬ ಸಲಹಾ ಕಂಪನಿಯವರ 2025ರ ವರದಿ ಉಂಟು. ದೇಶದ ಜಿಮ್ ವ್ಯವಹಾರ 2024ರಲ್ಲಿ 16,200 ಕೋಟಿ ರೂಪಾಯಿಯದ್ದಿತ್ತಂತೆ, 2030ಕ್ಕೆ 37,700 ಕೋಟಿ ಆಗುತ್ತದಂತೆ. ಸದಸ್ಯರಾದವರು ಜನಸಂಖ್ಯೆಯಲ್ಲಿ ಶೇ. 1 ಕೂಡ ಇಲ್ಲ. "ಮಾವಾ, ಬಾಕಿ 99 ನಮ್ಮದೇ" ಅಂತಾನೆ. ನನಗೆ ಅಡಿಕೆಯ ಧಾರಣೆ ಬಿಟ್ಟರೆ ಬೇರೆ ಮಾರುಕಟ್ಟೆ ಗೊತ್ತಿಲ್ಲ. ಈ ಕಸುಬಿನಲ್ಲಿ ಇರುವವರು, ಜಿಮ್‌ಗೆ ಹೋಗುವವರು, ಹೋಗಿ ಬಿಟ್ಟವರು ಸ್ವಲ್ಪ ಹೇಳಿ. ನಾನು ಹೇಳಿದರೆ ಹಳೇಕಾಲದವರು ಅಂತ ತಳ್ಳಿಹಾಕ್ತಾನೆ, ನಿಮ್ಮ ಮಾತನ್ನು ಅವನಿಗೆ ಓದಿಸುತ್ತೇನೆ.

ಉಪ್ಪಳ ಐರನ್
ಅಣ್ಣಾ, ನಾನು ಈ ಕಸುಬಿನಲ್ಲೇ ಇರುವವ. ಮೊದಲು ಹೆದ್ದಾರಿ ಬದಿಯ ಆಸೆ ಬಿಡಲು ಹೇಳಿ. ಷಟ್ಪಥ ಆದ ಮೇಲೆ ಎದುರು ಬದಿಯವ ಅಂಡರ್‌ಪಾಸ್ ಹುಡುಕಿ ಸುತ್ತಿ ಬರಬೇಕು. ಜಿಮ್‌ಗೆ ಬರುವವನಿಗೆ ಬಾರದಿರಲು ಒಂದು ನೆಪ ಸಿಕ್ಕಿದರೆ ಸಾಕು.

ಗಿರಾಕಿಯ ವರ್ಷ ಹೇಗಿರುತ್ತದೆ ಅಂದರೆ: ಜನವರಿಯಲ್ಲಿ ಆರಂಭಶೂರರು. ಬೆಳಿಗ್ಗೆ ಐದೂವರೆಗೆ ಬಾಗಿಲ ಹತ್ತಿರ ನಿಂತಿರ್ತಾರೆ, ಫೆಬ್ರವರಿ ನಡುವಿಗೆ ಮಾಯ. ಏಪ್ರಿಲ್-ಮೇಯಲ್ಲಿ ಕಾಲೇಜು ಹುಡುಗರು, ಮದುವೆ ಗೊತ್ತಾದವರು. ಮದುವೆಯವರು ಒಳ್ಳೆ ಗಿರಾಕಿ, ದುಡ್ಡಿಗೆ ಚೌಕಾಸಿ ಇಲ್ಲ, ಆದರೆ ಮದುವೆಯ ಮರುದಿನದಿಂದ ಕಾಣುವುದಿಲ್ಲ. ಜೂನ್ ಮಳೆ ಹಿಡಿಯಿತೆಂದರೆ ಬೆಳಗಿನ ಬ್ಯಾಚ್ ಅರ್ಧಕ್ಕೆ ಇಳಿಯುತ್ತದೆ. ಜಡಿಮಳೆಯ ಆಟಿ ತಿಂಗಳಲ್ಲಿ ಕೇಳುವುದೇ ಬೇಡ. ಆ ಹೊತ್ತಿಗೆ ರಜೆಯಲ್ಲಿ ಬಂದ ಗಲ್ಫಿನವರು ಒಂದು ತಿಂಗಳ ಲೆಕ್ಕಕ್ಕೆ ಸೇರುತ್ತಾರೆ, ಅದರಿಂದ ಕರೆಂಟ್ ಬಿಲ್ಲು ಹುಟ್ಟುತ್ತದೆ. ರಂಜಾನ್ ತಿಂಗಳು ಸಂಜೆ ಖಾಲಿ, ತರಾವೀಹ್ ನಮಾಜು ಮುಗಿದ ಮೇಲೆ ರಾತ್ರಿ ಹತ್ತರ ನಂತರ ಗಿಜಿಗಿಜಿ. ಆಗ ಹನ್ನೆರಡೂವರೆ ತನಕ ತೆರೆದಿಡದಿದ್ದರೆ ಗಿರಾಕಿ ಪಕ್ಕದವನ ಪಾಲು.

ಈಗ ಗುಟ್ಟಿನ ಮಾತು. ಯಾರು ವರ್ಷದ ಫೀಸು ಒಟ್ಟಿಗೆ ಕೊಟ್ಟು ಮೂರನೇ ವಾರದಿಂದ ಬರುವುದಿಲ್ಲವೋ ಅವರ ದುಡ್ಡಿನಲ್ಲೇ ನಾವು ಬಾಡಿಗೆ ಕಟ್ಟುವುದು. ಸೇರಿದವರೆಲ್ಲ ಒಂದೇ ದಿನ ಬಂದರೆ ನಿಲ್ಲಲಿಕ್ಕೆ ಜಾಗ ಇಲ್ಲ. ಆದರೆ ಕೊರೊನಾ ನಂತರ ಗಿರಾಕಿ ಬದಲಾಗಿದ್ದಾನೆ. 2020ರ ಮಾರ್ಚ್‌ನಲ್ಲಿ ಮುಚ್ಚಿದ ಜಿಮ್‌ಗಳಿಗೆ ಕೇಂದ್ರ ಅನುಮತಿ ಕೊಟ್ಟದ್ದು ಆಗಸ್ಟ್ 5ಕ್ಕೆ. ಆ ನಡುವೆ ದುಡ್ಡು ಸಿಕ್ಕಿಹಾಕಿಕೊಂಡವರು ಇನ್ನೂ ಮರೆತಿಲ್ಲ. ಈಗಿನ ಹುಡುಗರು ತಿಂಗಳು ತಿಂಗಳು ಗೂಗಲ್‌ಪೇ ಮಾಡುವವರು. ಹತ್ತನೇ ತಾರೀಕಿಗೆ ಒಂದು, ಹದಿನೈದಕ್ಕೆ ಇನ್ನೊಂದು ನೆನಪಿನ ಮೆಸೇಜ್ ಹಾಕುತ್ತಾ ಕೂರುವುದೇ ನಮಗೆ ಒಂದು ಕೆಲಸ.

ಪೆರ್ಲ ಲೆಕ್ಕಪತ್ರ
ಸೀತಾಂಗೋಳಿ ಅಣ್ಣ, ನಿಮ್ಮ ಅಳಿಯನ 99ರ ಲೆಕ್ಕದಲ್ಲಿ ತೊಟ್ಟಿಲ ಮಗುವೂ ಉಂಟು, ತೊಂಬತ್ತರ ಅಜ್ಜಿಯೂ ಉಂಟು. ಬೆಳೆಯುವ ಮಾರುಕಟ್ಟೆ ಅಂದ ಕೂಡಲೇ ಅದರೊಳಗಿನ ಪ್ರತಿ ಅಂಗಡಿಯೂ ಬೆಳೆಯುತ್ತದೆ ಅಂತ ಅಲ್ಲ. 1932ರಲ್ಲಿ ಮುಂಬಯಿಯಲ್ಲಿ ಶುರುವಾದ ತಲ್ವಲ್ಕರ್ಸ್ ಜಿಮ್ ಕಂಪನಿ 2010ರಲ್ಲಿ ಷೇರು ಪೇಟೆಗೆ ಬಂದಿತ್ತು, ದೇಶ ಇಡೀ ಶಾಖೆ. 2019ರಲ್ಲಿ ಸಾಲದ ಬಡ್ಡಿ ಕಟ್ಟಲಾಗದೆ ಕುಸಿಯಿತು. ಮಾರುಕಟ್ಟೆ ಬೆಳೆಯುತ್ತಿದ್ದಾಗಲೇ! ಅದೇ ಹೊತ್ತಿಗೆ ಬೆಂಗಳೂರಿನಲ್ಲಿ 2016ರಲ್ಲಿ ಹುಟ್ಟಿದ ಕಲ್ಟ್ ಎಂಬ ಜಿಮ್ ಕಂಪನಿ ಮೊಬೈಲ್ ಆ್ಯಪ್, ಗುಂಪು ತರಗತಿ ಅಂತ ಬೇರೆ ದಾರಿ ಹಿಡಿದು, 2022ರಲ್ಲಿ ಗೋಲ್ಡ್ಸ್ ಜಿಮ್‌ನ ಭಾರತದ ವ್ಯವಹಾರವನ್ನೇ ತೆಗೆದುಕೊಂಡಿತು. ಯಂತ್ರ ಎಷ್ಟು ಇದೆ ಅನ್ನುವುದಕ್ಕಿಂತ ಗಿರಾಕಿ ಎಷ್ಟು ದಿನ ಉಳಿಯುತ್ತಾನೆ ಅನ್ನುವುದರ ಮೇಲೆ ಈಗ ಎಲ್ಲರ ಕಣ್ಣು.

ಉಪ್ಪಳದವರು ಹೇಳಿದ ಗುಟ್ಟು ಲೋಕಕ್ಕೆಲ್ಲ ಗೊತ್ತಿರುವ ಗುಟ್ಟು. 2006ರಲ್ಲಿ ಇಬ್ಬರು ಅರ್ಥಶಾಸ್ತ್ರಜ್ಞರು ಅಮೆರಿಕದ ಮೂರು ಕ್ಲಬ್‌ಗಳ ಹಾಜರಿ ಪುಸ್ತಕ ಹಿಡಿದು ಪ್ರಕಟಿಸಿದ ಅಧ್ಯಯನ ಉಂಟು. ತಿಂಗಳಿಗೆ 70 ಡಾಲರಿಗಿಂತ ಹೆಚ್ಚು ಕೊಡುವವರು ಸರಾಸರಿ ಹೋಗುತ್ತಿದ್ದದ್ದು ನಾಲ್ಕು ಚಿಲ್ಲರೆ ಸಲ, ಅಂದರೆ ಒಂದು ಸಲಕ್ಕೆ 17 ಡಾಲರ್. ಅದೇ ಕ್ಲಬ್ಬಿನಲ್ಲಿ ಹತ್ತು ಸಲದ ಪಾಸು ತೆಗೆದುಕೊಂಡರೆ ಸಲಕ್ಕೆ 10 ಡಾಲರ್ ಮಾತ್ರ ಬೀಳುತ್ತಿತ್ತು! ನಾಳೆಯಿಂದ ಖಂಡಿತ ಹೋಗುತ್ತೇನೆ ಅನ್ನುವ ನಂಬಿಕೆಗೆ ಅಲ್ಲಿಯವರೂ ದುಡ್ಡು ಕೊಡುತ್ತಾರೆ.

ತೆರಿಗೆ ವಿಷಯ. 2025ರ ಸೆಪ್ಟೆಂಬರ್ 22ರಿಂದ ಜಿಮ್, ಯೋಗಕೇಂದ್ರ, ಸಲೂನ್‌ಗಳ ಜಿಎಸ್‌ಟಿ 18ರಿಂದ 5ಕ್ಕೆ ಇಳಿದಿದೆ. ಸಾವಿರ ರೂಪಾಯಿ ಫೀಸಿಗೆ ಮೊದಲು ಗಿರಾಕಿ 1,180 ಕೊಡಬೇಕಿತ್ತು, ಈಗ 1,050. ಪತ್ರಿಕೆಯಲ್ಲಿ ಬಂದದ್ದು ಇಷ್ಟೇ. ಬಾರದ್ದು ಏನೆಂದರೆ, ಈ 5ರಲ್ಲಿ ಹೂಡುವಳಿ ತೆರಿಗೆಯ ಜಮೆ, ಅಂದರೆ ಖರೀದಿಗೆ ಕಟ್ಟಿದ ತೆರಿಗೆಯನ್ನು ಮುರಿದುಕೊಳ್ಳುವ ಸೌಲಭ್ಯ, ಇಲ್ಲ. ಟ್ರೆಡ್‌ಮಿಲ್‌ನಂಥ ಯಂತ್ರಕ್ಕೆ 18 ಶೇಕಡಾ ಕಟ್ಟಿ ತಂದರೆ ಅದು ಪೂರ್ತಿ ನಿಮ್ಮ ಖರ್ಚು. 15 ಲಕ್ಷದ ಯಂತ್ರಕ್ಕೆ 2.7 ಲಕ್ಷ. ಮತ್ತೆ, ವರ್ಷದ ವಹಿವಾಟು 20 ಲಕ್ಷ ದಾಟದಿದ್ದರೆ ಜಿಎಸ್‌ಟಿ ನೋಂದಣಿಯೇ ಕಡ್ಡಾಯ ಅಲ್ಲ. ತಿಂಗಳಿಗೆ ಸಾವಿರದ ಲೆಕ್ಕದಲ್ಲಿ ವರ್ಷವಿಡೀ ತಪ್ಪದೆ ಕೊಡುವ 167 ಜನ ಆದಾಗ ಆ ಗೆರೆ ಬರುತ್ತದೆ. ಉಪ್ಪಳದವರೇ, ನಿಮ್ಮಲ್ಲಿ ತಪ್ಪದೆ ಕೊಡುವವರು ಅಷ್ಟು ಉಂಟಾ?

ಉಪ್ಪಳ ಐರನ್
ಸಾರ್, ಆ ಪ್ರಶ್ನೆ ಇಲ್ಲಿ ಬೇಡ 😄

ಮುಳ್ಳೇರಿಯ ಮಾಷ್ಟ್ರು
ನಾನು ಕೇಳುವುದು ಇಷ್ಟೆ: ದುಡ್ಡು ಯಾಕೆ ಕೊಡಬೇಕು? ನಮ್ಮ ಕಾಲದಲ್ಲಿ ಊರೂರಿಗೆ ವ್ಯಾಯಾಮಶಾಲೆ ಇತ್ತು. ಒಂದು ಸಿಂಗಲ್ ಬಾರ್, ಒಂದು ಡಬಲ್ ಬಾರ್, ನಾಲ್ಕು ಮರದ ಗದೆ, ಆಂಜನೇಯನ ಪಟ. ಹುಡುಗರು ಸಂಜೆ ಕಬಡ್ಡಿ ಆಡುತ್ತಿದ್ದರು. ಈಗ ತೋಟಕ್ಕೆ ಇಳಿಯಲು ಆಳು ಬೇಕು, ಬೆವರಿಳಿಸಲು ಎ.ಸಿ. ಕೋಣೆ ಬೇಕು. ಮಲಪ್ಪುರದ ಕೊಂಡೋಟ್ಟಿಯಲ್ಲಿ 2012ರಲ್ಲಿ ಶುರುವಾದ ಮೆಕ್-7 ಕೂಟಗಳನ್ನು ನೋಡಿ. ಬೆಳಿಗ್ಗೆ ಮೈದಾನದಲ್ಲಿ ಸೇರಿ 21 ಬಗೆಯ ವ್ಯಾಯಾಮ, ಇಪ್ಪತ್ತು ಚಿಲ್ಲರೆ ನಿಮಿಷ. ಮಲಬಾರ್ ಇಡೀ ಹಬ್ಬಿದೆ. ಒಂದು ಪೈಸೆ ಇಲ್ಲ. ಅದಕ್ಕೆ ಎದುರು ನಿಮ್ಮ ಅಳಿಯ ಹೇಗೆ ಅಂಗಡಿ ಇಡುತ್ತಾನೆ?

ಬಂದ್ಯೋಡು ಎಕ್ಸ್‌ಪ್ರೆಸ್
ಮಾಷ್ಟ್ರೇ, ನಿಮ್ಮ ವ್ಯಾಯಾಮಶಾಲೆಯಲ್ಲಿ ಕನ್ನಡಿ ಇರಲಿಲ್ಲ, ಅದೇ ವ್ಯತ್ಯಾಸ! ತಮಾಷೆ ಬಿಡಿ. ನಾನು ಪದವಿ ಎರಡನೇ ವರ್ಷ, ನಮ್ಮ ಪ್ರಾಯದವರ ಲೆಕ್ಕ ಹೇಳ್ತೇನೆ. ಜಿಮ್‌ಗೆ ನಿಜವಾದ ಪೈಪೋಟಿ ಟರ್ಫ್. ಹುಲ್ಲುಹಾಸಿನ ಫುಟ್‌ಬಾಲ್ ಅಂಗಳ ಕಾಸರಗೋಡು ಕಡೆ ಎಲ್ಲಿ ನೋಡಿದರೂ ಬಂದಿದೆ. ಹತ್ತು ಜನ ಸೇರಿ ಗಂಟೆಯ ಬಾಡಿಗೆ ಹಂಚಿಕೊಂಡರೆ ಒಬ್ಬೊಬ್ಬನಿಗೆ ಒಂದು ಪರೋಟ-ಬೀಫಿನ ದುಡ್ಡು. ನಗು, ಜಗಳ, ಬೆವರು ಮೂರೂ ಆಗ್ತದೆ. ಜಿಮ್‌ಗೆ ಹೋಗುವುದು ಎದೆ-ತೋಳಿಗೆ, ಅದೂ ಪರೀಕ್ಷೆ ಇಲ್ಲದಾಗ.

ನಮಗೆ ಫೀಸಿಗಿಂತ ಹೆಚ್ಚು ಖರ್ಚು ಪ್ರೋಟೀನ್ ಪೌಡರಿಗೆ. ಒಂದು ಡಬ್ಬ ತಂದು ಮೂವರು ಪಾಲು ಹಾಕ್ತೇವೆ. ಟ್ರೈನರ್ ಹೇಳಿದ ಬ್ರ್ಯಾಂಡೇ ತರಬೇಕು, ಅದರಲ್ಲಿ ಅವನಿಗೆ ಕಮಿಷನ್ ಅಂತ ಎಲ್ಲರಿಗೂ ಗೊತ್ತು, ಆದರೂ ತರ್ತೇವೆ. ಬಿಡಿ ದಿನದ ಪಾಸು ಯಾರಾದರೂ ಇಟ್ಟರೆ ಮೊದಲು ಸೇರುವವ ನಾನೇ.

ವಿದ್ಯಾನಗರ ಫಿಸಿಯೋ
ಓದುತ್ತಾ ಇದ್ದೆ, ಪೌಡರ್ ಮಾತು ಬಂದ ಮೇಲೆ ಸುಮ್ಮನಿರಲಿಕ್ಕೆ ಆಗಲಿಲ್ಲ.

ಬಂದ್ಯೋಡು ತಮ್ಮಾ, ಆಲುವದ ಆಸ್ಪತ್ರೆಯ ವೈದ್ಯರೊಬ್ಬರು ಮತ್ತು ಜೊತೆಗಾರರು ನಮ್ಮ ದೇಶದಲ್ಲಿ ಮಾರುವ 36 ಪ್ರೋಟೀನ್ ಪೌಡರ್‌ಗಳನ್ನು ಲ್ಯಾಬಿಗೆ ಕೊಟ್ಟು 2024ರಲ್ಲಿ ಫಲಿತಾಂಶ ಪ್ರಕಟಿಸಿದರು. ಹತ್ತರಲ್ಲಿ ಏಳರಷ್ಟರ ಡಬ್ಬಿಯ ಮೇಲಿನ ಪ್ರೋಟೀನ್ ಲೆಕ್ಕ ಸರಿ ಇರಲಿಲ್ಲ, ಕೆಲವದರಲ್ಲಿ ಬರೆದದ್ದರ ಅರ್ಧವೂ ಇಲ್ಲ. ಅದೇ ವರ್ಷ ಮೇಯಲ್ಲಿ ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆ ಮೈಕಟ್ಟಿಗೆಂದು ಪೌಡರ್ ತಿನ್ನಬೇಡಿ ಅಂತಲೇ ಹೇಳಿತು. ಅವರದೇ ಲೆಕ್ಕದಲ್ಲಿ ಒಬ್ಬ ಸಾಮಾನ್ಯನಿಗೆ ದಿನಕ್ಕೆ ಕಿಲೋ ತೂಕಕ್ಕೆ 0.83 ಗ್ರಾಂ, ಅರವತ್ತು ಕಿಲೋದವರಿಗೆ 50 ಗ್ರಾಂ. ಭಾರ ಎತ್ತುವವರಿಗೆ ಅದಕ್ಕಿಂತ ಹೆಚ್ಚು ಬೇಕು ಅಂತ ನಾನು ಒಪ್ಪುತ್ತೇನೆ. ಆದರೆ ಬೂತಾಯಿ ಸಿಗುವ ಊರಿನಲ್ಲಿ, ನೂರು ಗ್ರಾಂ ಮೀನಿಗೆ ಇಪ್ಪತ್ತರ ಹತ್ತಿರ ಪ್ರೋಟೀನ್ ಇರುವಾಗ, ಹುರುಳಿ-ಮೊಟ್ಟೆ-ನೆಲಕಡಲೆ ಇರುವಾಗ, ಸಾಲ ಮಾಡಿ ಡಬ್ಬ ತರುವುದು ನನಗೆ ಅರ್ಥ ಆಗುವುದಿಲ್ಲ. ತರಲೇಬೇಕಾದರೆ ಆಹಾರ ಸುರಕ್ಷತಾ ಪ್ರಾಧಿಕಾರದ 14 ಅಂಕಿಯ ಎಫ್‌ಎಸ್‌ಎಸ್‌ಎಐ ಸಂಖ್ಯೆ ಇಲ್ಲದ್ದನ್ನು ಮುಟ್ಟಬೇಡಿ. ಪೌಡರಿನ ಹಿಂದೆಯೇ ಬರುವ ಇಂಜೆಕ್ಷನ್ ಅಂತೂ ಬೇಡವೇ ಬೇಡ. ಔಷಧ ನಿಯಂತ್ರಣ ವಿಭಾಗದವರು ಕೇರಳದ ಜಿಮ್‌ಗಳಿಗೆ ದಾಳಿ ಮಾಡಿ ಸ್ಟೀರಾಯ್ಡ್ ಹಿಡಿದದ್ದು ಸುಮ್ಮನೆ ಅಲ್ಲ.

ಮಾಷ್ಟ್ರೇ, ತಪ್ಪು ತಿಳ್ಕೊಳ್ಳಬೇಡಿ. ಮೈದಾನದ ವ್ಯಾಯಾಮ ಒಳ್ಳೆಯದೇ, ಏನೂ ಮಾಡದವ ಎದ್ದು ಬಂದರೆ ಅದೇ ದೊಡ್ಡದು. ಆದರೆ ವಿಶ್ವ ಆರೋಗ್ಯ ಸಂಸ್ಥೆ ವಾರಕ್ಕೆ 150 ನಿಮಿಷದ ನಡಿಗೆಯಂಥದ್ದರ ಜೊತೆಗೆ ಎರಡು ದಿನ ಸ್ನಾಯು ಬಲಪಡಿಸುವ ಕೆಲಸವನ್ನೂ ಹೇಳುತ್ತದೆ. ಐವತ್ತು ದಾಟಿದವರಿಗೆ, ಮುಟ್ಟು ನಿಂತ ಹೆಂಗಸರಿಗೆ ಇದು ಮುಖ್ಯ. ನನ್ನಲ್ಲಿಗೆ ಮಂಡಿನೋವು ಅಂತ ಬರುವವರಲ್ಲಿ ತೊಡೆಯಲ್ಲಿ ಬಲ ಇಲ್ಲದವರೇ ಜಾಸ್ತಿ. ತೋಟ ಬಿಟ್ಟು ಕುರ್ಚಿಗೆ ಬಂದವರು.

ಸೀತಾಂಗೋಳಿ ಅಣ್ಣಾ, ನಿಮ್ಮ ಅಳಿಯ ಓದಬೇಕಾದ ಅಂಕಿಅಂಶ ಬೇರೆ. ವೈದ್ಯಕೀಯ ಸಂಶೋಧನಾ ಮಂಡಳಿ ಐಸಿಎಂಆರ್ 2023ರಲ್ಲಿ ಪ್ರಕಟಿಸಿದ ಸಮೀಕ್ಷೆಯಲ್ಲಿ ದೇಶದ ಮಧುಮೇಹ ಶೇ. 11.4, ಕೇರಳದ್ದು 25.5. ಐದನೇ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ತೂಕ ಮೀರಿದ ಹೆಂಗಸರು ದೇಶದಲ್ಲಿ ಶೇ. 24, ಕೇರಳದಲ್ಲಿ 38. ಲ್ಯಾನ್ಸೆಟ್ ಗ್ಲೋಬಲ್ ಹೆಲ್ತ್ ಎಂಬ ವೈದ್ಯಕೀಯ ಪತ್ರಿಕೆಯಲ್ಲಿ 2024ರಲ್ಲಿ ಬಂದ ಲೆಕ್ಕದಂತೆ ಸಾಕಷ್ಟು ಮೈ ಅಲುಗಿಸದ ಭಾರತೀಯ ಹೆಂಗಸರು ಶೇ. 57, ಗಂಡಸರು 42. ಈಗ ಹೇಳಿ, ನಮ್ಮ ಊರ ಜಿಮ್‌ಗಳು ಯಾರಿಗಾಗಿ ಕಟ್ಟಿದ್ದು? ಇಪ್ಪತ್ತೆರಡರ ಹುಡುಗನಿಗಾಗಿ, ಎಲ್ಲರಿಗಿಂತ ಕಡಿಮೆ ದುಡ್ಡಿರುವ, ಎಲ್ಲರಿಗಿಂತ ಬೇಗ ಬಿಟ್ಟುಹೋಗುವ ಗಿರಾಕಿಗಾಗಿ. ವೈದ್ಯರು ಚೀಟಿಯಲ್ಲಿ "ವ್ಯಾಯಾಮ ಮಾಡಿ" ಅಂತ ಬರೆದುಕೊಟ್ಟ ನಲವತ್ತೈದರ ಅಕ್ಕ ಎಲ್ಲಿಗೆ ಹೋಗಬೇಕು?

ಇನ್ನೊಂದು ಬರುತ್ತಾ ಉಂಟು. ತೂಕ ಇಳಿಸುವ ಇಂಜೆಕ್ಷನ್. ಮೌಂಜಾರೋ 2025ರ ಮಾರ್ಚ್‌ನಲ್ಲಿ ಭಾರತಕ್ಕೆ ಬಂತು, ವೆಗೋವಿ ಜೂನ್‌ನಲ್ಲಿ. 2026ರ ಮಾರ್ಚ್‌ಗೆ ವೆಗೋವಿಯಲ್ಲಿರುವ ಔಷಧ ಸೆಮಾಗ್ಲುಟೈಡ್‌ನ ಪೇಟೆಂಟ್ ಮುಗಿಯುವುದರಿಂದ ಅಗ್ಗದ್ದೂ ಬರುತ್ತದೆ. ಜಿಮ್ ಧಂದೆ ಮುಗಿಯಿತು ಅಂತ ಕೆಲವರು. ನನಗೆ ಹಾಗೆ ಕಾಣುವುದಿಲ್ಲ. ಅದರಲ್ಲಿ ಕೊಬ್ಬಿನ ಜೊತೆ ಸ್ನಾಯುವೂ ಇಳಿಯುತ್ತದೆ, ಭಾರ ಎತ್ತಿಸುವವರ ಅಗತ್ಯ ಹೆಚ್ಚೇ ಆಗುತ್ತದೆ.

ನೀರ್ಚಾಲು ಅಕ್ಕ
ಫಿಸಿಯೋ ಮೇಡಂ ಹೇಳಿದ ನಲವತ್ತೈದರ ಅಕ್ಕ ನಾನೇ ಅಂತ ಇಟ್ಟುಕೊಳ್ಳಿ.

ಪೇಟೆಯ ಒಂದು ಜಿಮ್‌ಗೆ ವರ್ಷದ ಫೀಸು ಕಟ್ಟಿ ಸೇರಿದ್ದೆ. ಹೆಸರು ಬೇಡ. "ಲೇಡೀಸ್ ಬ್ಯಾಚ್ ಉಂಟು" ಅಂದಿದ್ದರು. ಇತ್ತು, ಆದರೆ ಸಮಯ ಮಧ್ಯಾಹ್ನ ಎರಡರಿಂದ ಮೂರೂವರೆ, ಹುಡುಗರು ಬಾರದ ಹೊತ್ತು ಅಂತ. ಆ ಹೊತ್ತಿಗೆ ಊಟದ ಪಾತ್ರೆ ತೊಳೆದು ಮಕ್ಕಳ ಶಾಲಾ ವ್ಯಾನಿಗೆ ಕಾಯುವವಳು ಹೇಗೆ ಹೋಗುವುದು? ಕಲಿಸಲಿಕ್ಕೆ ಹೆಂಗಸೂ ಇರಲಿಲ್ಲ. ಹುಡುಗ ಒಳ್ಳೆಯವನೇ, ದೂರ ನಿಂತು "ಹಾಗೆ ಮಾಡಿ, ಹೀಗೆ ಮಾಡಿ" ಅನ್ನುತ್ತಿದ್ದ, ಹತ್ತಿರ ಬಂದು ಬೆನ್ನು ನೆಟ್ಟಗೆ ಮಾಡಿ ಅಂತ ತೋರಿಸಲು ಅವನಿಗೂ ಸಂಕೋಚ, ನನಗೂ. ದುಡ್ಡು ವಾಪಸ್ ಕೇಳಿದರೆ ರಶೀದಿಯ ಕೆಳಗೆ ಇರುವೆಯಷ್ಟು ಸಣ್ಣ ಅಕ್ಷರ ತೋರಿಸಿದರು.

ನಮಗೆ ಆಗುವ ಹೊತ್ತು ಬೆಳಿಗ್ಗೆ ಹತ್ತರಿಂದ ಹನ್ನೊಂದೂವರೆ. ಮಕ್ಕಳು ಹೋದ ಮೇಲೆ, ಅಡುಗೆಗೆ ಮೊದಲು. ಈಗ ನಾವು ಕುಟುಂಬಶ್ರೀ ಅಯಲ್‌ಕೂಟದ (ನೆರೆಕರೆ ಹೆಂಗಸರ ಸ್ವಸಹಾಯ ಗುಂಪು) ಕೆಲವರು ಒಬ್ಬರ ಮನೆಯ ಟೆರೇಸಿನಲ್ಲಿ ಯೂಟ್ಯೂಬ್ ಇಟ್ಟುಕೊಂಡು ಮಾಡ್ತೇವೆ. ಶೀಟು ಹಾಕಿದ ಟೆರೇಸ್, ಅಡಿಕೆ ಒಣಗಿಸುವ ಕಾಲದಲ್ಲಿ ಮಾತ್ರ ಜಾಗ ಇಲ್ಲ. ಕಲಿಸಲಿಕ್ಕೆ ಒಬ್ಬಳು ಹುಡುಗಿ ಸಿಕ್ಕಿದರೆ ತಲಾ ಐನೂರು ಕೊಡಲು ಎಲ್ಲರೂ ತಯಾರು. ಎ.ಸಿ. ಬೇಡ, ಕನ್ನಡಿ ಬೇಡ, ಟ್ರೆಡ್‌ಮಿಲ್ ಬೇಡ. ಗದ್ದೆಬದಿಯಲ್ಲಿ ಬೇಕಾದಷ್ಟು ನಡೆಯಬಹುದು.

ಅಬುಧಾಬಿ ಪೈವಳಿಕೆ
ಇಲ್ಲಿ ನಾವು ಇರುವ ಕಟ್ಟಡದಲ್ಲೇ ಜಿಮ್ ಇದೆ. ಅದನ್ನು ನೋಡಿದವನಿಗೆ ಊರಲ್ಲೂ ಹಾಗೇ ಮಾಡುವ ಆಸೆ ಬರುವುದು ಸಹಜ. ಆದರೆ ಇಲ್ಲಿ ಹೊರಗೆ ನಲವತ್ತೈದು ಡಿಗ್ರಿ, ಒಳಗೆ ಹೋಗದೆ ಗತಿ ಇಲ್ಲ, ಮತ್ತೆ ಆ ಫೀಸು ಬಾಡಿಗೆಯ ಒಳಗೇ ಇರುತ್ತದೆ. ಅಳಿಯನಿಗೆ ಹೇಳಿ, ತಂದ ದುಡ್ಡು ಎಲ್ಲವನ್ನೂ ಕಬ್ಬಿಣಕ್ಕೆ ಹಾಕಬೇಡ, ಒಂದು ವರ್ಷದ ಮನೆಖರ್ಚು ಬೇರೆ ಇಡು. ಊರಿಗೆ ಮರಳಿ ಕೈ ಸುಟ್ಟುಕೊಂಡು ಮತ್ತೆ ವೀಸಾಕ್ಕೆ ಓಡಾಡಿದವರನ್ನು ನಾನು ಕಂಡಿದ್ದೇನೆ.

ಪೆರ್ಲ ಲೆಕ್ಕಪತ್ರ
ನೀರ್ಚಾಲು ಅಕ್ಕ, "ವಾಪಸ್ ಇಲ್ಲ" ಅಂತ ಅಚ್ಚು ಹಾಕಿದ ಮಾತ್ರಕ್ಕೆ ಅದು ವೇದವಾಕ್ಯ ಅಲ್ಲ. ಹೇಳಿದ ಸೇವೆ ಕೊಡದಿದ್ದರೆ 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಡಿ ಕೇಳಬಹುದು. ಮೊದಲು ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ ದೂರು ಬರೆಸಿ. ಅಲ್ಲಿ ಆಗದಿದ್ದರೆ ಜಿಲ್ಲಾ ಗ್ರಾಹಕ ಆಯೋಗ, ಕೊಟ್ಟ ದುಡ್ಡು 5 ಲಕ್ಷದ ತನಕ ಇದ್ದರೆ ಶುಲ್ಕ ಇಲ್ಲ. ರಶೀದಿ ಮತ್ತು "ಲೇಡೀಸ್ ಬ್ಯಾಚ್ ಉಂಟು" ಅಂತ ಕಳಿಸಿದ ವಾಟ್ಸ್ಆ್ಯಪ್ ಮೆಸೇಜ್ ಅಳಿಸಬೇಡಿ.

ಸೀತಾಂಗೋಳಿ ಅಣ್ಣನಿಗೆ: ಪಂಚಾಯತ್ ಲೈಸೆನ್ಸ್ ಒಂದೇ ಸಾಕು ಅಂತ ಅಳಿಯ ಅಂದುಕೊಂಡಿದ್ದರೆ ತಪ್ಪು. ಜಿಮ್‌ಗಳು 1963ರ ಪ್ಲೇಸಸ್ ಆಫ್ ಪಬ್ಲಿಕ್ ರಿಸಾರ್ಟ್ (ಸಾರ್ವಜನಿಕರು ಸೇರುವ ಜಾಗಗಳ) ಕಾಯ್ದೆಯಡಿ ಲೈಸೆನ್ಸ್ ತೆಗೆದುಕೊಳ್ಳಲೇಬೇಕು ಅಂತ ಕೇರಳ ಹೈಕೋರ್ಟ್ 2022ರಲ್ಲಿ ಹೇಳಿದೆ. ಮುಂಗಡ ಕೊಡುವ ಮೊದಲು ಕಟ್ಟಡಕ್ಕೆ ಅದು ಸಿಗುತ್ತದಾ ನೋಡಿ.

ಉಪ್ಪಳ ಐರನ್
ಅಕ್ಕನ ಹತ್ತು ಗಂಟೆಯ ಲೆಕ್ಕ ಓದಿ ತಲೆ ತುರಿಸಿಕೊಂಡೆ. ಬೆಳಿಗ್ಗೆ ಒಂಬತ್ತೂವರೆಗೆ ಬಾಗಿಲು ಹಾಕಿ ನಾಲ್ಕಕ್ಕೆ ತೆಗೆಯುವವರು ನಾವು. ಬಾಡಿಗೆ ಇಪ್ಪತ್ನಾಲ್ಕು ಗಂಟೆಗೂ ಕೊಡ್ತೇವೆ. ಹೆಣ್ಣು ಟ್ರೈನರ್ ಸಿಗುವುದೇ ಕಷ್ಟ, ಕಲಿತವರು ಮಂಗಳೂರಿಗೆ ಹೋಗ್ತಾರೆ, ಅಲ್ಲಿ ಸಂಬಳ ಹೆಚ್ಚು. ಆದರೆ ಬಂದ್ಯೋಡು ತಮ್ಮ ಹೇಳಿದ ಪೌಡರ್ ಕಮಿಷನ್ ವಿಷಯದಲ್ಲಿ ಒಂದು ಮಾತು. ಟ್ರೈನರಿಗೆ ಸಂಬಳ ಸರಿಯಾಗಿ ಕೊಡುವ ಜಿಮ್‌ನಲ್ಲಿ ಆ ದಂಧೆ ಕಡಿಮೆ. ಹಾಗೆ ಸಂಬಳ ಕೊಡಬೇಕಾದರೆ ಫೀಸು ಏರಿಸಬೇಕು. ಏರಿಸಿದರೆ ನೀವು ಟರ್ಫ್‌ಗೆ ಹೋಗ್ತೀರಿ!

ಮುಳ್ಳೇರಿಯ ಮಾಷ್ಟ್ರು
ಫಿಸಿಯೋ ಮಗಳು ಹೇಳಿದ್ದು ಓದಿ ಕುರ್ಚಿಯಿಂದ ಕೈ ಊರದೆ ಏಳಲು ನೋಡಿದೆ. ಆ ವಿಷಯ ಇಲ್ಲಿಗೇ ಬಿಡೋಣ. ಮೆಕ್-7 ಬಗ್ಗೆ ನನ್ನ ಮಾತಿನಲ್ಲಿ ಬದಲಾವಣೆ ಇಲ್ಲ.

ಸೀತಾಂಗೋಳಿಯವ
ಎಲ್ಲವನ್ನೂ ಅಳಿಯನಿಗೆ ಓದಿಸಿದೆ. ಮುಂಗಡ ಸದ್ಯಕ್ಕೆ ಕೊಡುವುದಿಲ್ಲ ಅಂತ ಒಪ್ಪಿದ್ದಾನೆ, ಆದರೆ ಜಿಮ್ ಬಿಟ್ಟಿಲ್ಲ. 20 ಲಕ್ಷದ ಗೆರೆ ಮತ್ತು ಆ 2.7 ಲಕ್ಷ ಅವನಿಗೆ ಚುಚ್ಚಿದೆ. ಈಗ ಯೋಚನೆ ಹೀಗೆ: ಬದಿಯಡ್ಕ ರಸ್ತೆಯಲ್ಲಿ ನಮ್ಮ ಹಳೆಯ ಅಡಿಕೆ ಗೋದಾಮು ಖಾಲಿ ಉಂಟು, ಬಾಡಿಗೆ ಇಲ್ಲ. ಡಂಬ್‌ಬೆಲ್, ಬಾರ್ಬೆಲ್, ಬೆಂಚು, ಹಗ್ಗ ಇಷ್ಟೇ ಹಾಕುವುದು. ತಿಂಗಳ ಫೀಸು ಮಾತ್ರ, ವರ್ಷದ್ದು ಬೇಡ. ಹತ್ತರಿಂದ ಹನ್ನೊಂದೂವರೆ ಹೆಂಗಸರಿಗೆ. ಕಲಿಸಲು ಅವನ ಹೆಂಡತಿಯ ತಂಗಿ ಇದ್ದಾಳೆ, ದೈಹಿಕ ಶಿಕ್ಷಣ ಓದಿ ಕೆಲಸ ಹುಡುಕುತ್ತಾ ಇರುವವಳು. ಪೌಡರ್ ಮಾರುವುದಿಲ್ಲ ಅಂತ ನಾನು ಹಾಕಿದ ಷರತ್ತಿಗೆ ಮಾತ್ರ ಇನ್ನೂ ಹೂಂ ಅಂದಿಲ್ಲ, ಅದರಲ್ಲಿ ಲಾಭ ಉಂಟು ಅಂತಾನೆ.

ವಿದ್ಯಾನಗರ ಫಿಸಿಯೋ
ಹುಡುಗಿ ಒಂದು ವಾರ ನನ್ನ ಕ್ಲಿನಿಕ್ಕಿಗೆ ಬಂದು ಕೂರಲಿ. ಮಂಡಿ, ಸೊಂಟ ನೋವಿನವರಿಗೆ ಏನು ಮಾಡಿಸಬಾರದು ಅನ್ನುವುದನ್ನು ಮೊದಲು ಕಲಿಯಬೇಕು. ಮತ್ತೆ ಸಕ್ಕರೆ ಕಾಯಿಲೆಯ ಮಾತ್ರೆ ನುಂಗುವವರು ಖಾಲಿ ಹೊಟ್ಟೆಯಲ್ಲಿ ಬಂದರೆ ವಾಪಸ್ ಕಳಿಸಲು ಹೇಳಿ.

ನೀರ್ಚಾಲು ಅಕ್ಕ
ಗೋದಾಮಿನಲ್ಲಿ ಟಾಯ್ಲೆಟ್ ಉಂಟಾ ಅಣ್ಣ? ಒಳಗಿಂದ ಚಿಲಕ ಹಾಕುವಂಥದ್ದು. ಅದು ಇಲ್ಲದಿದ್ದರೆ ನಮ್ಮಲ್ಲಿ ಯಾರೂ ಬರುವುದಿಲ್ಲ.

ಉಪ್ಪಳ ಐರನ್
ನನ್ನಲ್ಲಿ ಐದರಿಂದ ಇಪ್ಪತ್ತು ಕಿಲೋ ತನಕದ ಹಳೆ ಡಂಬ್‌ಬೆಲ್ ಜೋಡಿ ಉಂಟು, ರಬ್ಬರ್ ಸ್ವಲ್ಪ ಎದ್ದಿದೆ, ಕಬ್ಬಿಣಕ್ಕೆ ಏನೂ ಆಗಿಲ್ಲ. ಗುಜರಿ ರೇಟಿಗೆ ಕೊಡ್ತೇನೆ, ಪಿಕಪ್ ನೀವೇ ತನ್ನಿ. ಹೆಂಗಸರಿಗೆ ಎರಡು-ಮೂರು ಕಿಲೋದ್ದು ಹೊಸತೇ ತೆಗೆಯಬೇಕು, ಅದು ನಮ್ಮಲ್ಲಿ ಇಲ್ಲ.